ಉದ್ಯಾವರದ ಕಲ್ಲು ಓದಿದವರು

ತುಳುನಾಡನ್ನಾಳಿದ ಆಳುಪರ ಮೊದಮೊದಲ ಚರಿತ್ರೆಗೆ ಕಲ್ಲುಗಳೇ ಮುಖ್ಯ ಆಧಾರ. ಎಂಟನೆಯ ಶತಮಾನದ ಕೊನೆಗೆ ಯುರೋಪಿನಲ್ಲಿ ರಾಜ್ಯವಾಳುತ್ತಿದ್ದ ಷಾರ್ಲಮೇನನಿಗೆ ಐನ್‌ಹಾರ್ಡ್ ಎಂಬ ಜೀವನಚರಿತ್ರಕಾರ ಸಿಕ್ಕಿದ. ಹೆಚ್ಚುಕಡಿಮೆ ಅದೇ ಕಾಲಘಟ್ಟದಲ್ಲಿ ಉಡುಪಿಯ ದಕ್ಷಿಣಕ್ಕಿರುವ ಉದ್ಯಾವರದಲ್ಲಿ ಪಟ್ಟಕ್ಕಾಗಿ ಕಾದಾಡಿದ ರಣಸಾಗರ, ಶ್ವೇತವಾಹನರಿಗೆ ಅಂಥ ಬರಹಗಾರನಿರಲಿಲ್ಲ. ಆ ಕಾಳಗಗಳಲ್ಲಿ ಮಡಿದ ಭಟರ ವೀರಗಲ್ಲುಗಳೇ ಅವರ ಕಥೆಯನ್ನು ಉಳಿಸಿದವು.

ಅವನ್ನು ಓದಿ ಪ್ರಕಟಿಸಿದವರು ಜರ್ಮನಿಯ ಯುಜೆನ್ ಹುಲ್ಷ್. ದಕ್ಷಿಣ ಕನ್ನಡ ಆಗ ಮದರಾಸು ಪ್ರಾಂತ್ಯದಲ್ಲಿತ್ತು. 1886ರಲ್ಲಿ ಮದರಾಸು ಸರಕಾರದ ಶಾಸನತಜ್ಞರಾದ ಅವರು 1903ರಲ್ಲಿ ಹಾಲೆ ವಿಶ್ವವಿದ್ಯಾಲಯಕ್ಕೆ ಪ್ರಾಧ್ಯಾಪಕರಾಗಿ ಹೋದರು. ‘ಎಪಿಗ್ರಾಫಿಯಾ ಇಂಡಿಕಾ’ದ ಒಂಬತ್ತನೆಯ ಸಂಪುಟದಲ್ಲಿ (1907–08) ಉದ್ಯಾವರದ ಶಾಸನಗಳು ಅಚ್ಚಾದವು. ಅವುಗಳಲ್ಲಿ ಶಕವರ್ಷದ ಉಲ್ಲೇಖವಿಲ್ಲ. ಲಿಪಿಯ ರೂಪ, ಭಾಷೆಯ ಹಳಮೆ ನೋಡಿ ಕಾಲ ಗೊತ್ತುಮಾಡಬೇಕು. ಯಾವ ಅರಸ ಮೊದಲು, ಯಾವನು ಆಮೇಲೆ ಎಂಬ ತಕರಾರಿಗೆ ಇದೇ ಮೂಲ.

ಹುಲ್ಷ್ 1904ರಲ್ಲಿ ಇನ್ನೊಂದು ವಾದವನ್ನೂ ಎಬ್ಬಿಸಿದ್ದರು. ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ಸಿಕ್ಕಿ ಹಿಂದಿನ ವರ್ಷವಷ್ಟೇ ಅಚ್ಚಾಗಿದ್ದ ಗ್ರೀಕ್ ಪ್ರಹಸನವೊಂದರಲ್ಲಿ ಭಾರತದ ಕರಾವಳಿಯ ರಾಜನೂ ಅವನ ಕಡೆಯವರೂ ಗ್ರೀಕರಿಗೆ ತಿಳಿಯದ ಮಾತಾಡುತ್ತಾರೆ. ಅದು ಕನ್ನಡ ಎಂದರು ಹುಲ್ಷ್. ಆರ್. ಶಾಮಶಾಸ್ತ್ರಿಗಳು ಒಪ್ಪಿದರು, ಎಲ್.ಡಿ. ಬಾರ್ನೆಟ್ ಒಪ್ಪಲಿಲ್ಲ. ಮುಂದೆ ಅದು ತುಳು ಎಂಬ ವಾದವೂ ಬಂತು. ಕಥೆ ನಡೆದದ್ದು ಮಲ್ಪೆಯ ಆಸುಪಾಸಿನಲ್ಲಿ ಎಂದವರೂ ಇದ್ದಾರೆ. ಊರಿನ ಅಭಿಮಾನಕ್ಕೆ ಆ ಪ್ಯಾಪಿರಸ್ ಹಿತವಾಗಿರಬಹುದು. ಚರಿತ್ರೆ ಕಟ್ಟಲು ಉದ್ಯಾವರದ ಕಲ್ಲೇ ಭದ್ರ.

1936ರಲ್ಲಿ ಬಿ.ಎ. ಸಾಲೆತ್ತೂರರ ತುಳುವ ಚರಿತ್ರೆ ಹೊರಬಂತು. ಅದರಲ್ಲಿ ಐತಿಹ್ಯಗಳಿಗೂ ಧಾರಾಳ ಜಾಗವಿದೆ. ಶಾಸನಗಳನ್ನೇ ನೆಚ್ಚಿ ಆಳುಪರ ವಂಶಕ್ರಮವನ್ನು ಮತ್ತೆ ಕಟ್ಟಿದವರು ಕೆ.ವಿ. ರಮೇಶ್, ಅವರ ಗ್ರಂಥವನ್ನು ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯ 1970ರಲ್ಲಿ ಪ್ರಕಟಿಸಿತು.

ಕಾಪು ಬಳಿಯ ಪಾದೂರಿನ ಗುರುರಾಜ ಭಟ್ಟರ ದಾರಿ ಬೇರೆ. ಕಲ್ಯಾಣಪುರದ ಮಿಲಾಗ್ರಿಸ್ ಕಾಲೇಜಿನಲ್ಲಿದ್ದ ಅವರು ಹಳ್ಳಿಹಳ್ಳಿಯ ಗುಡಿಗಳನ್ನು ನೋಡಿ, ಮೂರ್ತಿಗಳ ಶಿಲ್ಪಲಕ್ಷಣದಿಂದ ಕಾಲ ನಿರ್ಧರಿಸುತ್ತ ಹೋದರು. ಒಂದಕ್ಷರ ಬರಹವಿಲ್ಲದ ದೇವಸ್ಥಾನಕ್ಕೂ ಹೀಗೆ ಚರಿತ್ರೆಯಲ್ಲಿ ಸ್ಥಾನ ಸಿಕ್ಕಿತು. ಕಾರ್ಕಳ ಸೀಮೆಯ ಬೆಳ್ಮಣ್ಣಿನಲ್ಲಿ ದೊರೆತ ತಾಮ್ರಶಾಸನದ ಮಹತ್ವವನ್ನೂ ಅವರು ಎತ್ತಿ ಹೇಳಿದರು. ಎಂಟನೆಯ ಶತಮಾನದ ಆರಂಭದಲ್ಲಿದ್ದ ಎರಡನೆಯ ಆಳುವರಸನ ಈ ಶಾಸನಕ್ಕೆ ಆಳುಪರ ಜೋಡಿಮೀನಿನ ಲಾಂಛನವಿದೆ. ಪೂರ್ತಿ ಹಳಗನ್ನಡದ ತಾಮ್ರಪಟಗಳಲ್ಲಿ ಇದೇ ಅತಿ ಹಳೆಯದೆಂಬ ಎಣಿಕೆಯಿದೆ.

ಭಟ್ಟರ ‘ಸ್ಟಡೀಸ್ ಇನ್ ತುಳುವ ಹಿಸ್ಟರಿ ಆಂಡ್ ಕಲ್ಚರ್’ ಬಂದದ್ದು 1975ರಲ್ಲಿ. ಶಿಲ್ಪಶೈಲಿಯಿಂದ ಹೇಳುವ ಕಾಲ ಅತ್ತಿತ್ತ ಸರಿಯುವುದುಂಟು. ಆದ್ದರಿಂದ ಅರಸರ ಕಾಲಕ್ಕೆ ರಮೇಶರ ಗ್ರಂಥವನ್ನೂ ಗುಡಿ, ಮೂರ್ತಿಗಳಿಗೆ ಭಟ್ಟರ ಗ್ರಂಥವನ್ನೂ ಜತೆಗಿಟ್ಟುಕೊಂಡೇ ಓದಬೇಕು.