ಕುಸುಬಿ ಎಣ್ಣೆಯ ಕಾವಲುಗಾರ ದಣಿದ ಮೇಲೆ

ಸಂಕ್ರಮಣ ಮುಗಿದ ಮೇಲೆ ಸವದತ್ತಿಯಿಂದ ಹೂಲಿಯ ಕಡೆಗೆ ಹೊರಟರೆ ಎರಿ ಹೊಲಗಳಲ್ಲಿ ಬಿಳಿಜೋಳ ತೆನೆ ತೂಗುತ್ತಿರುತ್ತದೆ. ಆ ಜೋಳದ ಅಂಚಿಗೆ ಅಲ್ಲಲ್ಲಿ ಇನ್ನೂ ಕುಸುಬಿ ಸಾಲು ಕಾಣುತ್ತದೆ. ಮೊಣಕಾಲೆತ್ತರದ ಮುಳ್ಳುಗಿಡ, ತುದಿಗೆ ಹಳದಿ ಹೂವು. ಬಿಡಾಡಿ ದನ ಆ ಸಾಲಿಗೆ ಮೂತಿ ಹಚ್ಚಿದರೆ ಮುಳ್ಳು ಚುಚ್ಚಿಸಿಕೊಂಡು ಹಿಂದೆ ಸರಿಯುತ್ತದೆ. ಹಿರಿಯರು ಕುಸುಬಿಯನ್ನು ಅಂಚಿಗೆ ಬಿತ್ತುತ್ತಿದ್ದದ್ದು ಇದೇ ಕಾರಣಕ್ಕೆ. ಬೇಲಿಗೆ ಬೇಲಿಯೂ ಆಯಿತು, ವರ್ಷದ ಎಣ್ಣೆಯೂ ಆಯಿತು. ಈಗ ಮುಳ್ಳಿನ ಬೆಳೆ ಕೀಳಲು ಆಳು ಸಿಗುವುದಿಲ್ಲ. ಬಿತ್ತನೆ ವರ್ಷದಿಂದ ವರ್ಷಕ್ಕೆ ಕುಗ್ಗಿದೆ. ಅದು ನನಗೆ ನೋವಿನ ಸಂಗತಿ. ಆದರೆ ನಾನಿಲ್ಲಿ ಹೇಳಹೊರಟಿರುವ, ಎಣ್ಣೆಯನ್ನು ಕೆಡದಂತೆ ಕಾಯುವ ಕಾವಲುಗಾರನ ಕಥೆಗೆ ಕುಸುಬಿ ಎಣ್ಣೆಗಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ.

ನಮ್ಮಜ್ಜಿ ಗಾಣದಿಂದ ಬಂದ ಎಣ್ಣೆಯನ್ನು ಮಣ್ಣಿನ ಹರವಿಯಲ್ಲಿ ತುಂಬಿ, ಅಡುಗೆಮನೆಯ ಕತ್ತಲ ಮೂಲೆಯಲ್ಲಿ ಇಡುತ್ತಿದ್ದಳು. ತಿಂಗಳಿಗೊಮ್ಮೆ ಬೆರಳು ಅದ್ದಿ, ಅಂಗೈಗೆ ತಿಕ್ಕಿ ಮೂಸುವಳು. ಒಂದು ಬೇಸಿಗೆಯಲ್ಲಿ ಮೂಸಿದವಳೇ ಸೊಸೆಗೆ ಹೇಳಿದಳು: "ಎಣ್ಣಿ ಕಮಟ ಹತ್ತೈತಿ ತಂಗಿ, ಒಗ್ಗರಣಿಗೆ ಬ್ಯಾಡ. ಬಂಡಿ ಅಚ್ಚಿಗಿ ಇರಲಿ." ನಿನ್ನೆವರೆಗೆ ಚೆನ್ನಾಗಿದ್ದದ್ದು ಇವತ್ತು ಹೇಗೆ ಕೆಟ್ಟಿತು? ಅಜ್ಜಿ ಮೂಸಿ ಕಂಡುಹಿಡಿದದ್ದು ಏನನ್ನು?

ಕುಸುಬಿ ಎಣ್ಣೆಯ ಕೊಬ್ಬಿನಾಮ್ಲಗಳಲ್ಲಿ ನೂರಕ್ಕೆ ಸುಮಾರು 75 ಪಾಲು ಲಿನೋಲಿಕ್ ಆಮ್ಲ. ಅದು 18 ಇಂಗಾಲದ ಉದ್ದನೆಯ ಸರಪಳಿ. ನಡುವೆ ಎರಡು ಕಡೆ ಜೋಡಿ ಬಂಧಗಳಿವೆ. ಆ ಎರಡರ ಮಧ್ಯೆ ಸಿಕ್ಕಿಕೊಂಡ 11ನೇ ಇಂಗಾಲದ ಮೇಲಿನ ಹೈಡ್ರೋಜನ್ ತೀರ ಸಡಿಲ. ಬಿಸಿಲು, ಕಾವು, ತುಸು ಕಬ್ಬಿಣದ ತುಕ್ಕು, ಯಾವುದಾದರೂ ಸಾಕು, ಅದು ಕಳಚಿಕೊಳ್ಳುತ್ತದೆ. ಆ ಖಾಲಿ ಜಾಗಕ್ಕೆ ಗಾಳಿಯ ಆಮ್ಲಜನಕ ಬಂದು ಕೂತರೆ ಪೆರಾಕ್ಸಿಲ್ ರಾಡಿಕಲ್ ಎಂಬ ಹಸಿದ ಅಣು ಹುಟ್ಟುತ್ತದೆ. ಅದು ಪಕ್ಕದ ಸರಪಳಿಯ ಹೈಡ್ರೋಜನ್ ಕಿತ್ತುಕೊಂಡು ತಾನು ತಣ್ಣಗಾಗುತ್ತದೆ, ಆದರೆ ಪಕ್ಕದ್ದು ಹಸಿಯುತ್ತದೆ. ಸುಗ್ಗಿಯಲ್ಲಿ ಒಂದು ಬಣವಿಗೆ ಬಿದ್ದ ಕಿಡಿ ಸಾಲು ಬಣವಿಗಳನ್ನೆಲ್ಲ ತಿಂದಂತೆ ಇದು ಹಬ್ಬುತ್ತದೆ. ಕೊನೆಗೆ ಸರಪಳಿಗಳು ತುಂಡಾಗಿ ಸಣ್ಣ ಸಣ್ಣ ಆಲ್ಡಿಹೈಡ್‌ಗಳಾಗಿ ಗಾಳಿಗೆ ಏಳುತ್ತವೆ. ಅಜ್ಜಿಯ ಮೂಗಿಗೆ ಬಡಿದ ಕಮಟು ಅವೇ.

ಹಾಗಾದರೆ ಎಣ್ಣೆ ಮೊದಲ ದಿನವೇ ಯಾಕೆ ಕೆಡಲಿಲ್ಲ? ಅದರೊಳಗೆ ಕಾವಲು ಇತ್ತು, ಅದಕ್ಕೆ. ಬೀಜದ ಜೊತೆಗೇ ಬಂದ ವಿಟಮಿನ್ ಇ, ಅದರಲ್ಲೂ ಆಲ್ಫಾ ಟೊಕೊಫೆರಾಲ್. 100 ಗ್ರಾಂ ಕುಸುಬಿ ಎಣ್ಣೆಯಲ್ಲಿ ಅದು ಸುಮಾರು 34 ಮಿಲಿಗ್ರಾಂ, ಶೇಂಗಾ ಎಣ್ಣೆಯಲ್ಲಿ ಇರುವುದರ ಎರಡರಷ್ಟು. ಅಣುಗಳನ್ನು ಎಣಿಸುವ ಲೆಕ್ಕ ಹಾಕಿದರೆ ಮೂರು ಸಾವಿರಕ್ಕೂ ಹೆಚ್ಚು ಲಿನೋಲಿಕ್ ಸರಪಳಿಗಳಿಗೆ ಒಬ್ಬನೇ ಕಾವಲುಗಾರ. ಅಷ್ಟು ಬಣವಿಗಳನ್ನು ಒಬ್ಬನೇ ತಿಂಗಳುಗಟ್ಟಲೆ ಕಾಯುತ್ತಾನೆ ಎಂಬುದು ನನಗೆ ಇವತ್ತಿಗೂ ಬೆರಗು.

ಕಾಯುವ ಬಗೆ ಹೀಗೆ. ಟೊಕೊಫೆರಾಲ್‌ಗೆ ಒಂದು ತಲೆ, ಒಂದು ಬಾಲ. ಹದಿನಾರು ಇಂಗಾಲದ ಬಾಲ ಎಣ್ಣೆಯಲ್ಲಿ ಊರಿಕೊಂಡಿರುತ್ತದೆ. ತಲೆಯಲ್ಲಿ ಒಂದಕ್ಕೊಂದು ಅಂಟಿಕೊಂಡ ಎರಡು ಉಂಗುರಗಳಿವೆ. ತಲೆಯ ತುದಿಯ ಹೈಡ್ರೋಜನ್ನನ್ನು ಅದು ಹಸಿದ ರಾಡಿಕಲ್‌ಗೆ ತಾನಾಗಿ ಕೊಟ್ಟುಬಿಡುತ್ತದೆ. ಲಿನೋಲಿಕ್ ಸರಪಳಿಗಿಂತ ಎಷ್ಟೋ ಪಟ್ಟು ಬೇಗ ಕೊಡುವುದರಿಂದ ಕಿಡಿ ಮುಂದಿನ ಬಣವಿಗೆ ಹಾರುವುದಿಲ್ಲ. ಕೊಟ್ಟ ಮೇಲೆ ತಾನೂ ರಾಡಿಕಲ್ ಆಗುತ್ತದೆ ನಿಜ, ಆದರೆ ಅದು ಶಾಂತ ಸ್ವಭಾವದ್ದು, ಯಾರ ಮೈಮೇಲೂ ಬೀಳುವುದಿಲ್ಲ. ನಮ್ಮ ಮೈಯೊಳಗಾದರೆ ಈ ಹಂತದಲ್ಲಿ ವಿಟಮಿನ್ ಸಿ ಬಂದು ಕಳೆದ ಹೈಡ್ರೋಜನ್ ತುಂಬಿಕೊಡಬಲ್ಲದು. ಹರವಿಯೊಳಗೆ ಆ ಅನುಕೂಲವಿಲ್ಲ. ಎರಡನೆಯ ರಾಡಿಕಲ್ ಬಂದು ಅಪ್ಪಳಿಸುತ್ತದೆ. ಅದನ್ನೂ ಟೊಕೊಫೆರಾಲ್ ಹಿಡಿದು ನಿಲ್ಲಿಸುತ್ತದೆ. ಆಗ ತಲೆಯ ಎರಡು ಉಂಗುರಗಳಲ್ಲಿ ಒಂದು ಬಿಚ್ಚಿಕೊಳ್ಳುತ್ತದೆ. ಅಣುತೂಕ 430ರಿಂದ 446ಕ್ಕೆ ಏರುತ್ತದೆ. ಹೆಚ್ಚಾದ 16 ಒಂದೇ ಒಂದು ಆಮ್ಲಜನಕ ಪರಮಾಣುವಿನ ತೂಕ. ಈಗ ಅದರ ಹೆಸರು ಟೊಕೊಫೆರಿಲ್ ಕ್ವಿನೋನ್, ಉತ್ಕರ್ಷಣೆಗೊಂಡ, ಅಂದರೆ ಆಮ್ಲಜನಕ ಸೇರಿದ, ವಿಟಮಿನ್ ಇ. ಒಬ್ಬ ಕಾವಲುಗಾರ ಇಬ್ಬರು ಕಳ್ಳರನ್ನು ಹಿಡಿದು ದಣಿದಿದ್ದಾನೆ. ಎಲ್ಲರೂ ಹೀಗೆ ದಣಿದ ದಿನ ಎಣ್ಣೆ ಕಮಟು ಹತ್ತುತ್ತದೆ.

ಬಹಳ ಬರಹಗಳಲ್ಲಿ ವಿಟಮಿನ್ ಇ ಕಥೆ ಇಲ್ಲಿಗೆ ಮುಗಿಯುತ್ತದೆ, ಕ್ವಿನೋನ್ ಎಂದರೆ ಉಳಿದ ಬೂದಿ ಎಂಬಂತೆ. ಅದು ಸರಿಯಲ್ಲ. ವಿಜ್ಞಾನಿಗಳಿಗೆ ಈ ಬೂದಿಯೂ ಬಹಳ ಉಪಯೋಗಕ್ಕೆ ಬಂದಿದೆ.

ವಿಟಮಿನ್ ಇ ಸಿಕ್ಕಿದ್ದು 1922ರಲ್ಲಿ, ಕ್ಯಾಲಿಫೋರ್ನಿಯದ ಹರ್ಬರ್ಟ್ ಇವಾನ್ಸ್ ಮತ್ತು ಕ್ಯಾಥರಿನ್ ಬಿಷಪ್ ಅವರಿಗೆ. ಹಂದಿಕೊಬ್ಬಿನ ಆಹಾರ ತಿಂದ ಅವರ ಇಲಿಗಳು ಚೆನ್ನಾಗಿಯೇ ಬೆಳೆದವು, ಆದರೆ ಗರ್ಭ ನಿಲ್ಲುತ್ತಿರಲಿಲ್ಲ. ಲೆಟ್ಯೂಸ್ ಸೊಪ್ಪು, ಗೋಧಿಯ ಮೊಳಕೆಭಾಗ ಕೊಟ್ಟಾಗ ನಿಂತಿತು. 1936ರಲ್ಲಿ ಇವಾನ್ಸ್ ತಂಡ ಗೋಧಿಮೊಳಕೆಯ ಎಣ್ಣೆಯಿಂದ ಅದನ್ನು ಶುದ್ಧವಾಗಿ ಬೇರ್ಪಡಿಸಿದಾಗ ಹೆಸರಿಗಾಗಿ ಗ್ರೀಕ್ ಭಾಷೆಯ ಪ್ರಾಧ್ಯಾಪಕರನ್ನು ಕೇಳಿದರು. ಟೊಕೋಸ್ ಎಂದರೆ ಹೆರಿಗೆ, ಫೆರೈನ್ ಎಂದರೆ ಹೊರು. ಹೀಗೆ ಟೊಕೊಫೆರಾಲ್ ಆಯಿತು.

ಹೆಸರು ಬಂತು, ಅಳೆಯುವುದು ಹೇಗೆ? ಗೋಧಿಯಲ್ಲಿ ಎಷ್ಟಿದೆ, ಕುಸುಬಿಯಲ್ಲಿ ಎಷ್ಟಿದೆ ಎಂದು ತಿಳಿಯಲು ಇಲಿ ಸಾಕಿ, ಬಸುರಾಗಿಸಿ, ವಾರಗಟ್ಟಲೆ ಕಾಯುವುದೇ ದಾರಿಯಾಗಿತ್ತು. 1938ರಲ್ಲಿ ನೆದರ್ಲೆಂಡ್ಸ್‌ನ ಎಮ್ಮರಿ ಮತ್ತು ಎಂಗೆಲ್ ಎಂಬಿಬ್ಬರು ಈ ಕಷ್ಟ ತಪ್ಪಿಸಿದರು. ಟೊಕೊಫೆರಾಲನ್ನು ಬೇಕೆಂದೇ ಕ್ವಿನೋನ್ ಆಗಿಸುವುದು ಅವರ ಉಪಾಯ. ಎಣ್ಣೆಯ ಸಾರಕ್ಕೆ ಫೆರಿಕ್ ಕ್ಲೋರೈಡ್ ಬೆರೆಸಿದರೆ ಟೊಕೊಫೆರಾಲ್ ತನ್ನ ಇಲೆಕ್ಟ್ರಾನುಗಳನ್ನು ಕಬ್ಬಿಣಕ್ಕೆ ಕೊಟ್ಟು ಕ್ವಿನೋನ್ ಆಗುತ್ತದೆ, ಫೆರಿಕ್ ಕಬ್ಬಿಣ ಫೆರಸ್ ಆಗುತ್ತದೆ. ಪಕ್ಕದಲ್ಲೇ ಕಾದಿರುವ ಬೈಪಿರಿಡಿಲ್ ಎಂಬ ರಾಸಾಯನಿಕ ಆ ಫೆರಸ್ ಕಬ್ಬಿಣವನ್ನು ಅಪ್ಪಿಕೊಂಡರೆ ಕೊಳವೆಯೊಳಗಿನ ದ್ರವ ಕುಂಕುಮ ಕದಡಿದಂತೆ ಕೆಂಪೇರುತ್ತದೆ. ಕೆಂಪು ಗಾಢವಾದಷ್ಟೂ ವಿಟಮಿನ್ ಜಾಸ್ತಿ. ವಾರಗಳ ಕೆಲಸ ನಿಮಿಷಗಳಿಗೆ ಇಳಿಯಿತು. ಮುಂದೆ ದಶಕಗಳ ಕಾಲ ಜಗತ್ತಿನ ಪ್ರಯೋಗಾಲಯಗಳು ಎಣ್ಣೆಯ ವಿಟಮಿನ್ ಇ ಅಳೆದದ್ದು ಹೀಗೆ. ಈಗ ಹೊಸ ಯಂತ್ರಗಳು ಟೊಕೊಫೆರಾಲನ್ನೂ ಕ್ವಿನೋನನ್ನೂ ಬೇರೆಬೇರೆಯಾಗಿಯೇ ಎಣಿಸುತ್ತವೆ. ಎರಡರ ಪ್ರಮಾಣವನ್ನು ತಾಳೆ ನೋಡಿದರೆ ಆ ಎಣ್ಣೆ, ಆ ರಕ್ತ, ರಕ್ತನಾಳದ ಗೋಡೆಗೆ ಕಟ್ಟಿದ ಆ ಕೊಬ್ಬಿನ ಪದರ ಎಷ್ಟು ಉತ್ಕರ್ಷಣೆಯನ್ನು ಎದುರಿಸಿದೆ ಎಂಬ ಸುಳಿವು ಸಿಗುತ್ತದೆ. ಎಣ್ಣೆ ಕೆಟ್ಟ ಮೇಲೆ ಅಜ್ಜಿಯ ಮೂಗು ಹೇಳುತ್ತಿತ್ತು. ಎಣ್ಣೆ ಕೆಡುವ ಮೊದಲೇ ಕ್ವಿನೋನ್ ಹೇಳುತ್ತದೆ.

ಇನ್ನು ನನ್ನನ್ನು ಬಹಳ ದಿನ ಕಾಡಿದ ಪ್ರಯೋಗ. ನ್ಯೂಯಾರ್ಕಿನ ರಾಕ್‌ಫೆಲ್ಲರ್ ಸಂಸ್ಥೆಯಲ್ಲಿ ಡಿ. ವೇನ್ ವೂಲಿ ಎಂಬ ರಸಾಯನವಿಜ್ಞಾನಿ ಇದ್ದರು. ಸಕ್ಕರೆ ಕಾಯಿಲೆಯಿಂದ ಯೌವನದಲ್ಲೇ ದೃಷ್ಟಿ ಕಳೆದುಕೊಂಡರೂ ಜೀವನವಿಡೀ ಸಂಶೋಧನೆ ಬಿಡದವರು. 1945ರಲ್ಲಿ ಅವರು ಬಸುರಿ ಇಲಿಗಳಿಗೆ ಟೊಕೊಫೆರಿಲ್ ಕ್ವಿನೋನ್ ತಿನ್ನಿಸಿದರು. ಗರ್ಭ ನಿಲ್ಲಿಸುವ ವಿಟಮಿನ್ನಿನಿಂದಲೇ ಹುಟ್ಟಿದ ವಸ್ತು ಅದು. ಇಲಿಗಳಿಗೆ ರಕ್ತಸ್ರಾವವಾಗಿ ಗರ್ಭ ಹಾಳಾಯಿತು. ವಿಟಮಿನ್ ಇ ಕೊಟ್ಟರೆ ತಡೆಯಲಾಗಲಿಲ್ಲ, ವಿಟಮಿನ್ ಕೆ ಕೊಟ್ಟಾಗ ತಡೆಯಿತು. ವಿಟಮಿನ್ ಕೆ ನಮ್ಮ ರಕ್ತ ಹೆಪ್ಪುಗಟ್ಟಲು ಬೇಕಾದದ್ದು, ಮತ್ತು ಅದರ ಅಣುವೂ ಒಂದು ಕ್ವಿನೋನೇ. ಉಂಗುರ ಬಿಚ್ಚಿಕೊಂಡ ಟೊಕೊಫೆರಾಲ್ ನೋಡಲು ಅದರ ದಾಯಾದಿಯಂತೆ ಇರುತ್ತದೆ. 1995ರಲ್ಲಿ ಪಿಟ್ಸ್‌ಬರ್ಗ್‌ನ ಪಾಲ್ ಡೌಡ್ ತಂಡ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ವಿಟಮಿನ್ ಕೆ ಜೊತೆ ದುಡಿಯುವ ಕಿಣ್ವವನ್ನೇ ಈ ಕ್ವಿನೋನ್ ತಡೆಯುತ್ತದೆ ಎಂದು ತೋರಿಸಿತು. ವಿಟಮಿನ್ ಇ ಅತಿಯಾದರೆ ಕೆಲವರಿಗೆ ರಕ್ತ ಬೇಗ ಹೆಪ್ಪುಗಟ್ಟದಿರುವುದಕ್ಕೆ ಹೀಗೊಂದು ವಿವರಣೆ ದೊರೆಯಿತು.

ಅದೇ ಕ್ವಿನೋನ್ ಇನ್ನೊಂದು ಕಡೆ ಕಾಪಾಡುತ್ತದೆ ಕೂಡ. ನಮ್ಮ ಜೀವಕೋಶಗಳಲ್ಲಿ ಕ್ವಿನೋನುಗಳಿಗೆ ಇಲೆಕ್ಟ್ರಾನು ತುಂಬಿಕೊಡುವ ಒಂದು ಕಿಣ್ವವಿದೆ. ಟೊಕೊಫೆರಿಲ್ ಕ್ವಿನೋನ್ ಅದರ ಕೈಗೆ ಸಿಕ್ಕರೆ ಹೈಡ್ರೋಕ್ವಿನೋನ್ ಆಗಿ ಮತ್ತೆ ಕಾವಲಿಗೆ ನಿಲ್ಲುತ್ತದೆ ಎಂದು 1997ರಲ್ಲಿ ಗೊತ್ತಾಯಿತು. 2012ರಲ್ಲಿ ಕೊಲಂಬಿಯ ವಿಶ್ವವಿದ್ಯಾಲಯದ ಬ್ರೆಂಟ್ ಸ್ಟಾಕ್‌ವೆಲ್ ತಂಡ ಜೀವಕೋಶದ ಒಂದು ಬಗೆಯ ಸಾವಿಗೆ ಫೆರೋಪ್ಟೋಸಿಸ್ ಎಂದು ಹೆಸರಿಟ್ಟಿತು. ಕಬ್ಬಿಣದ ಸಹಾಯದಿಂದ ಕೋಶದ ಪೊರೆಯ ಕೊಬ್ಬು ಉತ್ಕರ್ಷಣೆಗೊಂಡು ಕೋಶ ಸಾಯುವುದು ಇದು. ನಮ್ಮ ಮಾತಿನಲ್ಲಿ ಹೇಳುವುದಾದರೆ ಜೀವಕೋಶವೇ ಕಮಟು ಹತ್ತಿ ಸಾಯುವುದು. ಈ ಸಾವನ್ನು ತಡೆಯುವಲ್ಲಿ ವಿಟಮಿನ್ ಇಯ ಹೈಡ್ರೋಕ್ವಿನೋನ್ ರೂಪಕ್ಕೆ ಪಾತ್ರವಿದೆ ಎಂಬ ವರದಿ 2018ರಲ್ಲಿ ಬಂತು.

ಇಲ್ಲಿಂದ ಔಷಧದ ಆಸೆ ಹುಟ್ಟಿತು. ಫ್ರೀಡ್ರೈಕ್ ಅಟಾಕ್ಸಿಯ ಎಂಬ ವಂಶವಾಹಿ ಕಾಯಿಲೆಯಲ್ಲಿ ಆಡುವ ವಯಸ್ಸಿನ ಮಕ್ಕಳ ನಡಿಗೆ ತಪ್ಪುತ್ತದೆ, ಕ್ರಮೇಣ ಗಾಲಿಕುರ್ಚಿ ಹಿಡಿಯಬೇಕಾಗುತ್ತದೆ. ಅವರಿಗಾಗಿ ವಿಟಮಿನ್ ಇ ಕುಟುಂಬದ ಟೊಕೊಟ್ರೈಯೆನಾಲ್‌ನ ಕ್ವಿನೋನನ್ನು ವಟಿಕ್ವಿನೋನ್ ಎಂಬ ಔಷಧವಾಗಿ ರೂಪಿಸಿ ವರ್ಷಗಟ್ಟಲೆ ಪರೀಕ್ಷಿಸಿದರು. 2023ರಲ್ಲಿ ಬಂದ ದೊಡ್ಡ ಪರೀಕ್ಷೆಯ ಫಲಿತಾಂಶದಲ್ಲಿ ಅದು ತನ್ನ ಮುಖ್ಯ ಗುರಿ ಮುಟ್ಟಲಿಲ್ಲ. 2025ರ ಆಗಸ್ಟ್‌ನಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಒಪ್ಪಿಗೆ ಕೊಡಲಿಲ್ಲ. ಆ ಮಕ್ಕಳ ತಾಯ್ತಂದೆಯರನ್ನು ನೆನೆದರೆ ಈ ಸಾಲು ಬರೆಯುವುದು ಕಷ್ಟ. ಒಂದು ಮಾತು ಮಾತ್ರ ಇಲ್ಲಿ ಸೇರಿಸಲೇಬೇಕು. ಹೊರಗಿನಿಂದ ಇದೇ ಕಾಯಿಲೆಯಂತೆ ಕಾಣುವ, ಆದರೆ ಮೈ ವಿಟಮಿನ್ ಇ ಹಿಡಿದಿಟ್ಟುಕೊಳ್ಳಲಾಗದೆ ಬರುವ ಇನ್ನೊಂದು ಅಟಾಕ್ಸಿಯ ಇದೆ. ಅದನ್ನು ಹೆಚ್ಚಿನ ಪ್ರಮಾಣದ ವಿಟಮಿನ್ ಇಯಿಂದಲೇ ಹತೋಟಿಗೆ ತರಬಹುದು. ಮಗುವಿನ ನಡಿಗೆ ದಿನದಿಂದ ದಿನಕ್ಕೆ ತೂರಾಡುತ್ತಿದ್ದರೆ ದೃಷ್ಟಿಯಾಗಿದೆ, ಶಕ್ತಿ ಇಲ್ಲ ಎಂದು ಕೂಡದೆ ಹುಬ್ಬಳ್ಳಿಯ ಕಿಮ್ಸ್‌ಗೋ (ಈಗಿನ ಕೆಎಂಸಿಆರ್‌ಐ) ಬೆಂಗಳೂರಿನ ನಿಮ್ಹಾನ್ಸ್‌ಗೋ ಕರೆದೊಯ್ಯಬೇಕು, ರಕ್ತದಲ್ಲಿ ವಿಟಮಿನ್ ಇ ನೋಡಿ ಎಂದು ಕೇಳಬೇಕು.

ಮತ್ತೆ ಹೂಲಿಯ ಹೊಲಕ್ಕೆ ಬರುತ್ತೇನೆ. ಹಸಿರು ಎಲೆಯಲ್ಲೂ ಟೊಕೊಫೆರಾಲ್ ಬಿಸಿಲಿನ ಕಾಟ ತಡೆಯುತ್ತದೆ, ಎಲೆಗೆ ವಯಸ್ಸಾದಂತೆ ಅದರ ಕ್ವಿನೋನ್ ಹೆಚ್ಚುತ್ತದೆ. ಕುಸುಬಿ ಹೂವನ್ನಂತೂ ಕಣ್ಣಾರೆ ನೋಡಬಹುದು. ಅರಳಿದಾಗ ಹಳದಿ, ಬಾಡುತ್ತ ಹೋದಂತೆ ಕೆಂಪು. ಹಳದಿ ವರ್ಣಕ ಉತ್ಕರ್ಷಣೆಗೊಂಡು ಕಾರ್ಥಮಿನ್ ಎಂಬ ಕೆಂಪು ಬಣ್ಣವಾಗುವುದರಿಂದ ಹಾಗಾಗುತ್ತದೆ. ಬಟ್ಟೆಗೆ ಕುಸುಂಬೆ ಬಣ್ಣ ಕೊಟ್ಟದ್ದು ಈ ಕೆಂಪೇ. ಕಾರ್ಥಮಿನ್ ಟೊಕೊಫೆರಾಲ್‌ನಿಂದ ಬಂದದ್ದಲ್ಲ, ಆದರೆ ಅದರ ಎದೆಯಲ್ಲೂ ಕ್ವಿನೋನಿನ ಕಟ್ಟಡವೇ ಇದೆ.

ಹೂಲಿಯ ಪಂಚಲಿಂಗೇಶ್ವರ ಗುಡಿ ಕಟ್ಟಿದ ಕಾಲದ ಶಾಸನಗಳನ್ನು ಓದಿದರೆ ಈ ಸೀಮೆಯಲ್ಲಿ ನಂದಾದೀವಿಗೆಗೆಂದು ಎಣ್ಣೆ, ಗಾಣ ದತ್ತಿ ಬಿಡುವುದು ವಾಡಿಕೆಯಾಗಿತ್ತು ಎಂದು ತಿಳಿಯುತ್ತದೆ. ಎಣ್ಣೆ ಅಷ್ಟು ಬೆಲೆಯುಳ್ಳದ್ದಾಗಿತ್ತು. ಈಗ ಗಾಣಗಳು ಅಲ್ಲಲ್ಲಿ ಮತ್ತೆ ತಿರುಗುತ್ತಿವೆ. ಕುಸುಬಿ ಎಣ್ಣೆ ಸಿಕ್ಕರೆ ದಯವಿಟ್ಟು ತಿಂಗಳಿಗೆ ಆಗುವಷ್ಟೇ ತನ್ನಿ. ಅಂಗಡಿಯ ಬಿಸಿಲಿಗಿಟ್ಟ ಪಾರದರ್ಶಕ ಬಾಟಲಿ ಬೇಡ, ಸ್ಟೀಲ್ ಡಬ್ಬಿಯಲ್ಲಿ ತುಂಬಿ ಕತ್ತಲಲ್ಲಿ ಇಡಿ. ಕರಿದ ಎಣ್ಣೆಯಲ್ಲಿ ಕಾವಲುಗಾರರು ಹೆಚ್ಚು ಉಳಿದಿರುವುದಿಲ್ಲ, ಅದನ್ನು ಹೊಸ ಎಣ್ಣೆಗೆ ಸುರಿಯಬೇಡಿ. ಹೃದಯದ ಕಾಯಿಲೆಗೆ ವಾರ್ಫರಿನ್‌ನಂಥ ರಕ್ತ ತೆಳುವಾಗಿಸುವ ಗುಳಿಗೆ ತೆಗೆದುಕೊಳ್ಳುವವರು ಮನೆಯಲ್ಲಿದ್ದರೆ, ಕೂದಲಿಗೆ ಒಳ್ಳೆಯದು, ಚರ್ಮಕ್ಕೆ ಒಳ್ಳೆಯದು ಎಂಬ ಮಾತು ಕೇಳಿ ಹಸಿರು ಬಣ್ಣದ ವಿಟಮಿನ್ ಇ ಕ್ಯಾಪ್ಸೂಲ್ ಅವರಿಗೆ ಕೊಡಬೇಡಿ, ಮೊದಲು ವೈದ್ಯರನ್ನು ಕೇಳಿ.