ಶಾರೀರಕ್ಕೆ ಒಪ್ಪುವ ಆರಿಯಾ: ನಂಬಿಕೆ ಎಷ್ಟು, ನಿಜ ಎಷ್ಟು?

ಬೆಂಗಳೂರಿನಲ್ಲಿ ಪಾಶ್ಚಾತ್ಯ ಗಾಯನ ಕಲಿತು ಟ್ರಿನಿಟಿ, ಎಬಿಆರ್‌ಎಸ್‌ಎಂ ಸಂಸ್ಥೆಗಳ ಪರೀಕ್ಷೆಗೆ ಕೂರುವವರಿದ್ದಾರೆ. ಅಲ್ಲಿಂದ ಆಪೆರಾದ ಆರಿಯಾಗಳತ್ತ, ಅಂದರೆ ಸಂಗೀತ ನಾಟಕದ ಒಂಟಿ ಹಾಡುಗಳತ್ತ, ಮನಸ್ಸು ಹರಿಯುವುದು ಸಹಜ. ಯಾವುದನ್ನು ಹಾಡಬೇಕು ಎಂಬ ಪ್ರಶ್ನೆ ಬಂದೊಡನೆ ಕೆಲವು ಗಟ್ಟಿ ನಂಬಿಕೆಗಳು ಅಡ್ಡ ನಿಲ್ಲುತ್ತವೆ.

ನಂಬಿಕೆ: ತುದಿಯ ಸ್ವರ ಮುಟ್ಟಿದರೆ ಆರಿಯಾ ಕೈವಶ.

ಪುಚ್ಚೀನಿಯ 'ತುರಾಂದೋತ್' ಆಪೆರಾದ 'ನೆಸ್ಸುನ್ ದೋರ್ಮಾ' ಎಂದರೆ ಎಲ್ಲರೂ ಕಾಯುವುದು ಕೊನೆಯ 'ಬಿ' ಸ್ವರಕ್ಕೆ. 1990ರ ಫುಟ್ಬಾಲ್ ವಿಶ್ವಕಪ್ ಹೊತ್ತಿಗೆ ಗಾಯಕ ಪಾವರೊಟ್ಟಿಯ ದನಿಯಲ್ಲಿ ಜಗತ್ತೆಲ್ಲ ಕೇಳಿದ ಸ್ವರ ಅದು. ಪುಚ್ಚೀನಿ ಬರೆದಿರುವುದು ಮಾತ್ರ ಕ್ಷಣ ಹೊತ್ತಿನ ಸ್ವರ. ಅದನ್ನು ಎಳೆದು ನಿಲ್ಲಿಸುವುದು ಗಾಯಕರು ಬೆಳೆಸಿಕೊಂಡ ರೂಢಿ. ಗಂಟಲು ಸೋಲುವುದು ಅಲ್ಲಿಗೆ ತಲುಪುವ ದಾರಿಯಲ್ಲಿ. ಟೆನರ್ ಎಂಬ ಏರುದನಿಯ ಗಂಡು ಕಂಠಕ್ಕೆ ಇ, ಎಫ್, ಎಫ್ ಶಾರ್ಪ್ ಸುತ್ತಮುತ್ತ ದನಿ ಮಗ್ಗುಲು ಬದಲಿಸುವ ಜಾಗವೊಂದಿದೆ, ಅದಕ್ಕೆ ಪಸ್ಸಾಜಿಯೊ ಎನ್ನುತ್ತಾರೆ. ಈ ಆರಿಯಾದಲ್ಲಿ ದನಿ ಆ ಆಸುಪಾಸಿನಲ್ಲೇ ಮತ್ತೆ ಮತ್ತೆ ಓಡಾಡುತ್ತ ಪೂರ್ಣ ಆರ್ಕೆಸ್ಟ್ರಾದ ಮೇಲೆ ಕೇಳಿಸಬೇಕು.

ಆದ್ದರಿಂದಲೇ ಅನುಭವಿ ಗುರುಗಳು ಹಾಡಿನ ಮೇಲ್ತುದಿ, ಕೆಳತುದಿಗಿಂತ ಮೊದಲು ಟೆಸಿತೂರಾ ನೋಡುತ್ತಾರೆ, ಅಂದರೆ ಹಾಡಿನ ಬಹುಪಾಲು ಎಲ್ಲಿ ನಿಂತಿದೆ ಎಂಬುದನ್ನು. ಕರ್ನಾಟಕ ಸಂಗೀತ ಕೇಳುವವರಿಗೆ ಇದು ಹೊಸದಲ್ಲ. ಒಂದು ಸಂಗತಿಯಲ್ಲಿ ತಾರಸ್ಥಾಯಿಯ ಪಂಚಮವನ್ನು ಸೋಕಿ ಇಳಿಯುವುದು ಬೇರೆ, ಪಲ್ಲವಿಯುದ್ದಕ್ಕೂ ಅಲ್ಲೇ ನಿಲ್ಲುವುದು ಬೇರೆ. ನಮ್ಮ ಗಾಯಕರಿಗೆ ತಮ್ಮ ಶ್ರುತಿ ಆರಿಸಿಕೊಳ್ಳುವ ಅನುಕೂಲವಾದರೂ ಇದೆ. ಆಪೆರಾದಲ್ಲಿ ಶ್ರುತಿಯನ್ನು ಸಂಯೋಜಕ ಮೊದಲೇ ಗೊತ್ತುಮಾಡಿರುತ್ತಾನೆ.

ನಂಬಿಕೆ: ಪಾತ್ರಕ್ಕೆ ಹದಿನೈದಾದರೆ ಹಾಡೂ ಹದಿನೈದರ ಕಂಠಕ್ಕೆ.

ಪುಚ್ಚೀನಿಯ 'ಮದಾಮ ಬಟರ್‌ಫ್ಲೈ'ಯ ನಾಯಕಿಗೆ ಕಥೆಯಲ್ಲಿ ಹದಿನೈದು ವರ್ಷ. ಅವಳ ಸಂಗೀತ ಬೇಡುವುದು ವರ್ಷಗಳ ಕಾಲ ಪಳಗಿದ, ತುಂಬು ದನಿಯ ಹೆಂಗಸನ್ನು. ಸ್ಟ್ರಾಸ್‌ನ 'ಸಲೋಮೆ' ಆಪೆರಾದ ನಾಯಕಿಯೂ ಹುಡುಗಿಯೇ. ಎದುರಿಗೆ ನೂರರಷ್ಟು ವಾದ್ಯಗಳು.

ಇದಕ್ಕೆ ಎದುರಾಗಿ ಒಂದು ನಿಜವೂ ಇದೆ. 1786ರಲ್ಲಿ ಮೊಜಾರ್ಟನ 'ಫಿಗರೊ' ಮೊದಲು ರಂಗಕ್ಕೆ ಬಂದಾಗ ಬಾರ್ಬರೀನಾ ಪಾತ್ರ ಹಾಡಿದ ಆನ್ನಾ ಗೊಟ್ಲೀಬ್‌ಗೆ ಹನ್ನೆರಡು ವರ್ಷ. 1791ರಲ್ಲಿ, ಹದಿನೇಳಕ್ಕೇ, 'ಮ್ಯಾಜಿಕ್ ಫ್ಲೂಟ್'ನ ಪಮೀನಾ ಆದಳು. ಆದರೆ ಅಂದಿನ ರಂಗಮಂದಿರ ಚಿಕ್ಕದು, ವಾದ್ಯಗಳ ದನಿ ಮೆತ್ತಗೆ. ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಆಪೆರಾದಲ್ಲಿ ಇಂದು ಸುಮಾರು 3,800 ಆಸನಗಳಿವೆ, ಗಾಯಕರು ಹಾಡುವುದು ಮೈಕ್ ಇಲ್ಲದೆ. ಬಾರ್ಬರೀನಾಳ ಪುಟ್ಟ ಆರಿಯಾ ಎಳೆಯ ಕಂಠಕ್ಕೆ ಇಂದಿಗೂ ಒಳ್ಳೆಯ ಆಯ್ಕೆ, ಪಮೀನಾಳದು ಕಾಯಬಹುದು.

ನಂಬಿಕೆ: ಮೊಜಾರ್ಟ್ ಎಂದರೆ ಸುಲಭ.

ಭಾರವಿಲ್ಲ, ನಿಜ. ಅಡಗಿಕೊಳ್ಳಲು ಜಾಗವೂ ಇಲ್ಲ! ಆರ್ಕೆಸ್ಟ್ರಾ ಎಷ್ಟು ತಿಳಿಯೆಂದರೆ ಉಸಿರು ಎಲ್ಲಿ ತಪ್ಪಿತು, ಸ್ವರ ಎಲ್ಲಿ ಜಾರಿತು ಎಂಬುದೆಲ್ಲ ಬಯಲು. ಆರಿಯಾ ಗಾಯಕನಿಗೆ ಅಳತೆಗೆ ಹೊಲಿದ ಬಟ್ಟೆಯಂತೆ ಕೂರಬೇಕು ಎಂದು 1778ರಲ್ಲಿ ಅಪ್ಪನಿಗೆ ಬರೆದವನು ಮೊಜಾರ್ಟ್, ನಡೆದುಕೊಂಡದ್ದೂ ಹಾಗೆಯೇ. 1788ರಲ್ಲಿ 'ದೋನ್ ಜೊವಾನ್ನಿ' ವಿಯೆನ್ನಾಕ್ಕೆ ಬಂದಾಗ ಟೆನರ್ ಮೊರೆಲ್ಲಾಗೆ 'ಇಲ್ ಮಿಯೊ ತೆಸೋರೊ' ಒಗ್ಗಲಿಲ್ಲ. ಮೊಜಾರ್ಟ್ ಅದನ್ನು ಕೈಬಿಟ್ಟು 'ದಲ್ಲ ಸುವಾ ಪಾಚೆ' ಬರೆದುಕೊಟ್ಟ. ಗಾಯಕನಿಗೆ ತಕ್ಕಂತೆ ಹಾಡನ್ನು ಬದಲಿಸುವುದು ಮೊಜಾರ್ಟನಿಗೇ ಅವಮಾನವೆನಿಸದಿದ್ದರೆ ನಮಗೇಕೆ ಅನಿಸಬೇಕು?

ನಂಬಿಕೆ: ಶ್ರುತಿ ಇಳಿಸಿ ಹಾಡುವುದು ಮೋಸ.

ಆಯ್ಕೆಯ ಪರೀಕ್ಷೆಗಳಲ್ಲಿ ಮೂಲ ಶ್ರುತಿಯನ್ನೇ ನಿರೀಕ್ಷಿಸುತ್ತಾರೆ, ಅದು ಸರಿ. ಪಾಠದ ಕೋಣೆಯಲ್ಲಿ ಆ ಕಟ್ಟುಪಾಡು ಬೇಕಿಲ್ಲ. ರಂಗದ ಮೇಲೂ ಅದು ಅಷ್ಟು ಬಿಗಿಯಲ್ಲ: ಬೆಲ್ಲೀನಿ ತನ್ನ ಹಸ್ತಪ್ರತಿಯಲ್ಲಿ 'ಜಿ'ಯಲ್ಲಿ ಬರೆದ 'ಕಾಸ್ತಾ ದೀವಾ' ಆರಿಯಾ ಬಹುತೇಕ ಕೇಳಿಸುವುದು 'ಎಫ್'ನಲ್ಲಿ.

ಕಲಿಯುವವರು ಮಾಡಬಹುದಾದ ಸರಳ ಪರೀಕ್ಷೆಯೊಂದಿದೆ. ಸ್ವರಪ್ರತಿಯಲ್ಲಿ ತುದಿಯ ಸ್ವರವನ್ನು ಬೆರಳಿನಿಂದ ಮುಚ್ಚಿ, ಉಳಿದ ಸಾಲುಗಳು ಎಲ್ಲಿ ಓಡಾಡುತ್ತವೆ ಎಂದು ನೋಡಿ. ನಂತರ ಇಡೀ ಆರಿಯಾವನ್ನು ಎರಡು ಸಲ ಹಾಡಿ. ಎರಡನೆಯ ಸಲ ಗಂಟಲು ಬಿಗಿದರೆ ಅದು ಈ ವರ್ಷದ ಹಾಡಲ್ಲ. ಗುರುಗಳು "ಸದ್ಯಕ್ಕೆ ಬೇಡ" ಎಂದರೆ ವಾದ ಮಾಡಬೇಡಿ.