ಸಮುದ್ರಕ್ಕೆ ಕುಂಟೆ ಹೊಡೆದ ಹಡಗು



ನಮ್ಮ ನೌಕಾಪಡೆಯಲ್ಲಿ ಯುದ್ಧವಿಮಾನ ಹೊರುವ ಹಡಗುಗಳಿವೆ. ಅಣುಶಕ್ತಿಯ ಜಲಾಂತರ್ಗಾಮಿ ಇದೆ. ಬ್ರಹ್ಮೋಸ್ ಹಾರಿಸುವ ಡಿಸ್ಟ್ರಾಯರ್‌ಗಳಿವೆ. ಆದರೆ ಒಂದೇ ಒಂದು ಮೈನ್‌ಸ್ವೀಪರ್ ಹಡಗು ಇಲ್ಲ. ಕೊನೆಯದಾದ ಐಎನ್‌ಎಸ್ ಕೋಯಿಕ್ಕೋಡ್ 2019ರ ಏಪ್ರಿಲ್‌ನಲ್ಲಿ ನಿವೃತ್ತಿಯಾಯಿತು. ಇಂಥ ಸುದ್ದಿ ಬ್ರೇಕಿಂಗ್ ನ್ಯೂಸ್ ಆಗಲ್ಲ. ಯಾಕೆ ಆಗಬೇಕಿತ್ತು ಅನ್ನೋದನ್ನ ನಮ್ಮದೇ ರಾಜ್ಯದ ಊರಿನ ಹೆಸರು ಹೊತ್ತ ಹಡಗಿನ ಕಥೆಯಿಂದ ಹೇಳ್ತೀನಿ. ಆ ಹೆಸರು ಕಾರವಾರ.

ಮೊದಲು ಮೈನ್ ಅಂದರೆ ಏನು ನೋಡೋಣ. ನೆಲದಲ್ಲಿ ಹೂಳೋದು ನೆಲಬಾಂಬ್. ನೀರಿನಲ್ಲಿ ಅಡಗಿಸಿಡೋದು ಕಡಲ ಮೈನ್. ಹಳೆಯ ಬಗೆಯದು ಗಾಳಿಪಟದ ಹಾಗೆ ನಿಂತಿರುತ್ತೆ. ಸಮುದ್ರದ ತಳದಲ್ಲಿ ಭಾರದ ಲಂಗರು, ಅದಕ್ಕೆ ಕಟ್ಟಿದ ಉಕ್ಕಿನ ಹಗ್ಗ, ಹಗ್ಗದ ತುದಿಯಲ್ಲಿ ತೇಲುವ ಸ್ಫೋಟಕದ ಗುಂಡು. ಗುಂಡಿನ ಮೇಲೆ ಸೀಸದ ಕೊಂಬುಗಳು. ಹಡಗು ತಾಗಿದರೆ ಕೊಂಬು ಬಾಗುತ್ತೆ, ಒಳಗಿನ ಗಾಜಿನ ನಳಿಗೆ ಒಡೆಯುತ್ತೆ. ಅದರೊಳಗಿನ ದ್ರಾವಣ ಹರಿದು ಅಲ್ಲೇ ಒಂದು ಬ್ಯಾಟರಿ ತಯಾರಾಗುತ್ತೆ, ಆ ಕರೆಂಟಿಗೆ ಮೈನ್ ಸಿಡಿಯುತ್ತೆ. ವರ್ಷಗಟ್ಟಲೆ ಸುಮ್ಮನಿದ್ದು ಒಂದು ದಿನ ಕೆಲಸ ಮಾಡುವ ಯಂತ್ರ ಇದು.

ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರು ಇನ್ನೊಂದು ಹೆಜ್ಜೆ ಮುಂದೆ ಹೋದರು. ಉಕ್ಕಿನ ಹಡಗು ಹೋದ ಕಡೆಯೆಲ್ಲ ಭೂಮಿಯ ಕಾಂತಕ್ಷೇತ್ರ ಸ್ವಲ್ಪ ಏರುಪೇರಾಗುತ್ತೆ. ಅದನ್ನೇ ಗ್ರಹಿಸಿ, ಹಡಗು ತಾಗದಿದ್ದರೂ ಸಿಡಿಯುವ ಕಾಂತೀಯ ಮೈನ್ ತಂದರು. ಮುಂದೆ ಎಂಜಿನ್ ಸದ್ದಿಗೆ ಸಿಡಿಯೋದು, ನೀರಿನ ಒತ್ತಡಕ್ಕೆ ಸಿಡಿಯೋದು ಬಂದವು. ಕೆಲವು ಮೈನ್ ಎಣಿಸ್ತವೆ ಕೂಡ. ನಾಲ್ಕು ಹಡಗನ್ನು ಬಿಟ್ಟು ಐದನೆಯದಕ್ಕೆ ಸಿಡಿ ಅಂದರೆ ಹಾಗೇ ಮಾಡ್ತವೆ.

ಬಸವನ ಬಾಗೇವಾಡಿಯಲ್ಲಿ ನಮ್ಮ ಓಣಿಯ ಹಿರಿಯರೊಬ್ಬರು ಒಮ್ಮೆ ನನ್ನ ಕೇಳಿದ್ದರು: "ತಮ್ಮಾ, ಅಂಗಳದ ಕಸ ಹೊಡಿಯೋದು ಗೊತ್ತೈತಿ, ಸಮುದ್ರದ ಕಸ ಹೆಂಗ ಹೊಡಿತಾರೋ?" ನಾನು ಎಂಜಿನಿಯರಿಂಗ್ ಓದಿದವನು, ಆದರೂ ಹೊಲದ ಮಾತಲ್ಲೇ ಹೇಳಿದೆ: ಕಸ ಹೊಡಿಯೋದಲ್ಲ ಕಾಕಾ, ಕುಂಟಿ ಹೊಡಿತಾರ. ಕುಂಟೆಯ ಅಲಗು ಮಣ್ಣೊಳಗೆ ಹರಿದು ಕಳೆಯ ಬೇರು ಕತ್ತರಿಸುತ್ತಲ್ಲ, ಹಾಗೇ ಮೈನ್‌ಸ್ವೀಪರ್ ತನ್ನ ಹಿಂದೆ ಉದ್ದದ ಉಕ್ಕಿನ ತಂತಿ ಎಳೆಯುತ್ತೆ. ತಂತಿಯಲ್ಲಿರುವ ಕತ್ತರಿ ಮೈನಿನ ಹಗ್ಗ ಕತ್ತರಿಸುತ್ತೆ. ಮೇಲೆ ತೇಲಿ ಬಂದ ಮೈನನ್ನು ದೂರದಿಂದ ಗುಂಡಿಟ್ಟು ನಾಶ ಮಾಡ್ತಾರೆ. ಕಾಂತೀಯ ಮೈನಿಗೆ ಬೇರೆ ಉಪಾಯ. ಕರೆಂಟ್ ಹರಿಸಿದ ಕೇಬಲ್ ಎಳೆದು, ದೊಡ್ಡ ಹಡಗು ಬಂತು ಅಂತ ಮೈನಿಗೇ ಮೋಸ ಮಾಡೋದು. ಒಂದು ಪಟ್ಟಿ ಮುಗಿದ ಮೇಲೆ ಪಕ್ಕದ ಪಟ್ಟಿ. ಎಣಿಸುವ ಮೈನ್ ಇದ್ದರೆ ಅದೇ ಪಟ್ಟಿಯಲ್ಲಿ ಮತ್ತೆ ಮತ್ತೆ.

ಈ ಕೆಲಸದ ಬೆಲೆ ಜಗತ್ತಿಗೆ ತಿಳಿದದ್ದು 1950ರ ಅಕ್ಟೋಬರ್‌ನಲ್ಲಿ, ಕೊರಿಯಾದ ವೊನ್ಸಾನ್ ಬಂದರಿನಲ್ಲಿ. ಅಮೆರಿಕದ ಮುಂದಾಳತ್ವದ ಸುಮಾರು 250 ಹಡಗುಗಳ ಪಡೆ ಸೈನಿಕರನ್ನು ಇಳಿಸಲು ಬಂದಿತ್ತು. ಬಂದರಿನ ತುಂಬ ಸುಮಾರು 3,000 ಮೈನ್. ತೆಗೆಯಲು ಹೋದ ಪೈರೇಟ್, ಪ್ಲೆಡ್ಜ್ ಎಂಬ ಎರಡು ಅಮೆರಿಕನ್ ಮೈನ್‌ಸ್ವೀಪರ್‌ಗಳು ಒಂದೇ ದಿನ ಮುಳುಗಿದವು. ಅಷ್ಟು ದೊಡ್ಡ ಪಡೆ ಸಮುದ್ರದಲ್ಲೇ ದಿನ ಎಣಿಸಬೇಕಾಯಿತು.

ಆ ಪಾಠ ಕಲಿತ ಬ್ರಿಟನ್ ನೂರಕ್ಕೂ ಹೆಚ್ಚು ಹೊಸ ಮೈನ್‌ಸ್ವೀಪರ್ ಕಟ್ಟಿತು. ಹೆಸರೆಲ್ಲ 'ಟನ್' ಎಂದು ಮುಗಿಯುವ ಹಳ್ಳಿಗಳದ್ದು, ಅದಕ್ಕೇ ಅವು ಟನ್ ವರ್ಗದ ಹಡಗು. ಅದರಲ್ಲಿ ನಾಲ್ಕನ್ನು ಭಾರತ 1956ರಲ್ಲಿ ಪಡೆಯಿತು. ಓವರ್ಟನ್ ಎಂಬ ಹಡಗು ಐಎನ್‌ಎಸ್ ಕಾರವಾರ ಆಯಿತು. ಉಳಿದವು ಕಾಕಿನಾಡ, ಕಣ್ಣೂರು, ಕಡಲೂರು. ಅದೇ 1956ರ ನವೆಂಬರ್ 1ರಂದು ನಮ್ಮ ಬಿಜಾಪುರ ಜಿಲ್ಲೆಯೂ ಉತ್ತರ ಕನ್ನಡವೂ ಮುಂಬಯಿ ರಾಜ್ಯದಿಂದ ಮೈಸೂರು ರಾಜ್ಯಕ್ಕೆ ಬಂದವು. ಅಂದರೆ ಊರು ಕಾರವಾರ ನಮ್ಮ ರಾಜ್ಯಕ್ಕೆ ಬಂದ ವರ್ಷವೇ ಹಡಗು ಕಾರವಾರ ನಮ್ಮ ನೌಕಾಪಡೆಗೆ ಬಂತು.

ಸುಮಾರು 46 ಮೀಟರ್ ಉದ್ದದ ಸಣ್ಣ ಹಡಗು ಅದು. ಮೈಯೆಲ್ಲ ಮಹಾಗನಿ ಮರ, ಒಳಗಿನ ಚೌಕಟ್ಟು ಅಲ್ಯೂಮಿನಿಯಂ. ಕ್ಷಿಪಣಿ ಯುಗ ಶುರುವಾಗುವಾಗ ಮರದ ಹಡಗು ಯಾಕೆ ಅಂತೀರಾ? ಮರಕ್ಕೆ ಕಾಂತೀಯ ಮೈನ್ ಎಚ್ಚರಗೊಳ್ಳಲ್ಲ. ಉಳಿದ ಹಡಗುಗಳು ಮೈನ್ ಇರುವ ಜಾಗ ಬಿಟ್ಟು ದೂರ ಹೋಗ್ತವೆ. ಇದು ಅಲ್ಲಿಗೇ ಹೋಗಬೇಕು.

ಈ ಹಡಗಿಗೆ ಯುದ್ಧದ ಕರೆ ಬಂದದ್ದು 1961ರ ಡಿಸೆಂಬರ್‌ನಲ್ಲಿ. ಗೋವಾ ಆಗ ಪೋರ್ಚುಗೀಸರ ಕೈಯಲ್ಲಿತ್ತು. ಕಾರವಾರದ ಎದುರಿಗೇ ಇರುವ ಅಂಜದೀವ್ ದ್ವೀಪವೂ ಅವರದೇ. ಆ ನವೆಂಬರ್‌ನಲ್ಲಿ ದ್ವೀಪದಿಂದ ನಮ್ಮ ಪ್ರಯಾಣಿಕರ ಹಡಗು ಸಾಬರಮತಿ ಮೇಲೆ ಗುಂಡು ಹಾರಿತು, ನಮ್ಮ ಮೀನುಗಾರರೊಬ್ಬರು ಅವರ ಗುಂಡಿಗೆ ಸತ್ತರು. ಡಿಸೆಂಬರ್ 18ರಂದು ಆಪರೇಷನ್ ವಿಜಯ್ ಶುರುವಾಯಿತು. ಐಎನ್‌ಎಸ್ ಮೈಸೂರು ಮತ್ತು ತ್ರಿಶೂಲ್ ಅಂಜದೀವ್ ಕಡೆ ನಡೆದವು. ಆ ದ್ವೀಪಕ್ಕಾಗಿ ನಮ್ಮ 7 ನಾವಿಕರು ಪ್ರಾಣ ಕೊಟ್ಟರು. ಬೇತ್ವಾ, ಬಿಯಾಸ್ ಹಡಗುಗಳು ಪೋರ್ಚುಗೀಸರ ಅಲ್ಬುಕರ್ಕ್ ಹಡಗನ್ನು ಸದೆಬಡಿದವು. ವಿಮಾನವಾಹಕ ವಿಕ್ರಾಂತ್ ದೂರದಲ್ಲಿ ಕಾವಲಿತ್ತು.

ಇವುಗಳ ಜೊತೆಗೆ ಇನ್ನೊಂದು ಗುಂಪಿತ್ತು: ಕಾರವಾರ, ಕಾಕಿನಾಡ, ಕಣ್ಣೂರು, ಬಿಮ್ಲಿಪಟ್ಟಣ. ಮೈನ್ ತೆಗೆಯುವ ಗುಂಪು. ಗೋವಾ ಯುದ್ಧದ ಚರಿತ್ರೆಯಲ್ಲಿ ಇವಕ್ಕೆ ಸಿಕ್ಕಿರೋದು ಪಟ್ಟಿಯಲ್ಲಿ ಒಂದು ಸಾಲು. ಅದರಲ್ಲಿ ಆಶ್ಚರ್ಯ ಇಲ್ಲ. ಮೈನ್‌ಸ್ವೀಪರ್ ಇದ್ದಾಗ ಬಂದರಿನ ಬಾಯಿಯಲ್ಲಿ ಏನೂ ಆಗಲಿಲ್ಲ ಅಂದರೆ ಅದೇ ಅದರ ಗೆಲುವು. ಏನೂ ಆಗದೇ ಇರೋದಕ್ಕೆ ಕ್ಯಾಮೆರಾ ಹೋಗಲ್ಲ, ಪದಕವೂ ಅಪರೂಪ.

ಮೊದಲ ಕಾರವಾರದ ಕಾಲ ಮುಗಿದ ಮೇಲೆ ಅದೇ ಹೆಸರು ಸೋವಿಯತ್ ಒಕ್ಕೂಟದಲ್ಲಿ ಕಟ್ಟಿದ ಹಡಗಿಗೆ ಬಂತು. 1986ರ ಜುಲೈನಲ್ಲಿ ರೀಗಾ ಬಂದರಿನಲ್ಲಿ ಎರಡನೇ ಕಾರವಾರ ಸೇವೆಗೆ ಸೇರಿತು. ಸುಮಾರು 61 ಮೀಟರ್ ಉದ್ದ, ಕಾಂತಗುಣ ಕಡಿಮೆ ಇರುವ ಉಕ್ಕಿನ ಮೈ. ಆ ಸರಣಿಯ ಆರು ಹಡಗುಗಳಿಗೆ ಕಾರವಾರ ವರ್ಗ ಅಂತಲೇ ಹೆಸರಾಯಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಪ್ರಧಾನಿ ರಾಜೀವ್ ಗಾಂಧಿ ಕಾರವಾರದಲ್ಲಿ ಸೀಬರ್ಡ್ ನೌಕಾನೆಲೆಗೆ ಅಡಿಗಲ್ಲು ಹಾಕಿದರು. 2005ರಲ್ಲಿ ಅದು ಐಎನ್‌ಎಸ್ ಕದಂಬ ಆಯಿತು. ಹಿಂದೆ ನಮ್ಮ ಮೇಲೆ ಗುಂಡು ಬಂದ ಅಂಜದೀವ್ ಈಗ ಅದೇ ನೆಲೆಯ ಭಾಗ.

ನೆಲೆ ಬೆಳೀತಾ ಹೋಯಿತು, ಹಡಗು ಮುದಿಯಾಗ್ತಾ ಹೋಯಿತು. 31 ವರ್ಷ ದುಡಿದ ಕಾರವಾರ 2017ರ ಮೇ ತಿಂಗಳಲ್ಲಿ ಮುಂಬಯಿಯಲ್ಲಿ ಧ್ವಜ ಇಳಿಸಿತು. ಬದಲಿಗೆ ಹೊಸ ಹಡಗು ಬರಬೇಕಿತ್ತಲ್ವಾ? ಗೋವಾ ಶಿಪ್‌ಯಾರ್ಡ್‌ನಲ್ಲಿ ದಕ್ಷಿಣ ಕೊರಿಯಾದ ಕಂಪನಿಯ ನೆರವಿನಿಂದ 12 ಹಡಗು ಕಟ್ಟುವ, ಸುಮಾರು 32,000 ಕೋಟಿ ರೂಪಾಯಿಯ ಯೋಜನೆ ಇತ್ತು. ವರ್ಷಗಟ್ಟಲೆ ಮಾತುಕತೆ ನಡೆದು 2018ರಲ್ಲಿ ಅದು ಬಿದ್ದುಹೋಯಿತು. 2025ರ ಜುಲೈ 3ರಂದು ರಕ್ಷಣಾ ಖರೀದಿ ಮಂಡಳಿ ಇಂಥ ಹಡಗುಗಳಿಗೆ ಮತ್ತೆ ಮೊದಲ ಹಂತದ ಒಪ್ಪಿಗೆ ಕೊಟ್ಟಿದೆ. ಒಪ್ಪಿಗೆಗೂ ಹಡಗು ನೀರಿಗಿಳಿಯೋದಕ್ಕೂ ನಡುವೆ ಟೆಂಡರ್, ಒಪ್ಪಂದ, ನಿರ್ಮಾಣ, ಪರೀಕ್ಷೆ ಎಲ್ಲ ಇದೆ.

ಈಗ ಡ್ರೋನ್ ಇದ್ದಾವಲ್ಲ, ಹಡಗು ಯಾಕೆ ಅನ್ನಬಹುದು. ನೀರೊಳಗೆ ಮೈನ್ ಹುಡುಕುವ ಯಂತ್ರಗಳು ನಿಜಕ್ಕೂ ಬಂದಿವೆ, ಜೀವದ ಅಪಾಯ ಕಡಿಮೆಯಾಗಿದೆ. ಆದರೆ ಅವನ್ನು ಅಲ್ಲಿವರೆಗೆ ಹೊತ್ತೊಯ್ದು, ಇಳಿಸಿ, ನಡೆಸಿ, ವಾಪಸ್ ಎತ್ತಿಕೊಳ್ಳುವ ತಾಯಿ ಹಡಗೂ ಬೇಕು, ಪಳಗಿದ ಜನವೂ ಬೇಕು.

ಮೈನ್ ಬಡವನ ಆಯುಧ. 1988ರಲ್ಲಿ ಪರ್ಷಿಯನ್ ಕೊಲ್ಲಿಯಲ್ಲಿ ಅಮೆರಿಕದ ಸ್ಯಾಮುಯೆಲ್ ರಾಬರ್ಟ್ಸ್ ಯುದ್ಧನೌಕೆ ಇರಾನಿನ ಮೈನಿಗೆ ತಾಗಿತು. ಆ ಮೈನಿನ ವಿನ್ಯಾಸ 1908ರದ್ದು, ಬೆಲೆ ಸುಮಾರು 1,500 ಡಾಲರ್. ಹಡಗಿನ ರಿಪೇರಿಗೆ ಖರ್ಚಾದದ್ದು ಸುಮಾರು 9 ಕೋಟಿ ಡಾಲರ್.

ಸಮುದ್ರವೇ ಇಲ್ಲದ ನಮ್ಮ ಬಾಗೇವಾಡಿ, ಸಿಂದಗಿ, ಇಂಡಿ, ಮುದ್ದೇಬಿಹಾಳದ ಜನಕ್ಕೆ ಇದರಿಂದ ಏನು? ನಿಮ್ಮ ಟ್ರ್ಯಾಕ್ಟರಿನ ಡೀಸೆಲ್ ಆಗುವ ಕಚ್ಚಾತೈಲ ಬಹುಪಾಲು ಹಡಗಿನಲ್ಲಿ ಬರುತ್ತೆ. ದ್ರಾಕ್ಷಿ ತೋಟಕ್ಕೆ ಹಾಕುವ ಪೊಟ್ಯಾಷ್ ಹೆಚ್ಚುಕಡಿಮೆ ಪೂರ್ತಿ ಹೊರದೇಶದ್ದು, ಅದೂ ಹಡಗಿನಲ್ಲೇ. ಬಂದರು ಮುಚ್ಚಲು ನೂರು ಮೈನ್ ಬೇಕಿಲ್ಲ. ಇಲ್ಲಿ ಮೈನ್ ಇದೆ ಅನ್ನೋ ಅನುಮಾನ ಹುಟ್ಟಿದರೆ ಸಾಕು, ವಿಮೆ ಏರುತ್ತೆ, ಹಡಗು ನಿಲ್ಲುತ್ತೆ. ಇಲ್ಲ ಅಂತ ಖಾತ್ರಿ ಮಾಡಿ ಹೇಳೋಕೆ ಒಂದು ಹಡಗು ಹೋಗಿ ನೋಡಿ ಬರಬೇಕು.

ಹಾಗಾಗಿ ನಮ್ಮ ಸಂಸದರು ದೆಹಲಿಯಲ್ಲಿ ಒಂದು ಪ್ರಶ್ನೆ ಕೇಳಲಿ: ಆ ಹಡಗುಗಳಲ್ಲಿ ಮೊದಲನೆಯದು ಯಾವ ವರ್ಷ ನೀರಿಗಿಳಿಯುತ್ತೆ? ಉತ್ತರ ತಾರೀಖಿನ ಸಮೇತ ಬರಲಿ. ಇಳಿದ ದಿನ ಅದಕ್ಕೆ ಮತ್ತೆ ಕಾರವಾರ ಅಂತ ಹೆಸರಿಟ್ಟರೆ, ಅವತ್ತು ಆ ಸುದ್ದಿಯನ್ನ ನಾನೇ ಮೊದಲು ಓದ್ತೀನಿ.